ಆಸೆ ಒಬ್ಬರದು, ಜಾಮೀನು ಓಣಿಯದು: ಲಿಪೊವೆಟ್ಸ್ಕಿಯನ್ನು ಕಲಬುರಗಿಯಲ್ಲಿ ಓದುವಾಗ

2025ರ ಸೆಪ್ಟೆಂಬರ್ 22ರಂದು ಜಿಎಸ್‌ಟಿಯ ಹೊಸ ದರಗಳು ಜಾರಿಗೆ ಬಂದವು. ಶೇ 12 ಮತ್ತು ಶೇ 28ರ ಹಂತಗಳು ಹೋಗಿ ಬಹುತೇಕ ಸರಕುಗಳು ಶೇ 5ಕ್ಕೋ ಶೇ 18ಕ್ಕೋ ಬಂದು ನಿಂತವು. ಎಸಿ, ದೊಡ್ಡ ಟಿವಿ, ಸಣ್ಣ ಕಾರು, 350 ಸಿಸಿವರೆಗಿನ ಬೈಕುಗಳ ಮೇಲಿನ ತೆರಿಗೆ ಶೇ 28ರಿಂದ 18ಕ್ಕೆ ಇಳಿಯಿತು. ಸೋಪು, ಶಾಂಪೂ, ಟೂತ್‌ಪೇಸ್ಟು ಶೇ 5ರ ಪಟ್ಟಿಗೆ ಸೇರಿದವು. ಇದಕ್ಕೆ ಕೇಂದ್ರ ಸರ್ಕಾರ 'ಬಚತ್ ಉತ್ಸವ' ಎಂದು ಹೆಸರಿಟ್ಟು ದಸರಾ ಖರೀದಿಗೆ ಜನರನ್ನು ಕರೆಯಿತು.

ಅದೇ ದಿನಗಳಲ್ಲಿ ಮಳೆ ನಿಲ್ಲಲಿಲ್ಲ. ಮಹಾರಾಷ್ಟ್ರದ ಜಲಾಶಯಗಳಿಂದ ಬಿಟ್ಟ ನೀರೂ ಸೇರಿ ಭೀಮೆ ಉಕ್ಕಿತು. ಕಲಬುರಗಿ, ಯಾದಗಿರಿ, ಬೀದರ್ ಜಿಲ್ಲೆಗಳಲ್ಲಿ ತೊಗರಿ, ಹತ್ತಿ, ಸೋಯಾ ನೀರಿನಲ್ಲಿ ನಿಂತವು. ಸೆಪ್ಟೆಂಬರ್ 30ರಂದು ಮುಖ್ಯಮಂತ್ರಿ ವೈಮಾನಿಕ ಸಮೀಕ್ಷೆ ನಡೆಸಿ, ಕೇಂದ್ರದ ಮಾನದಂಡದ ಪರಿಹಾರದ ಮೇಲೆ ಹೆಕ್ಟೇರಿಗೆ 8,500 ರೂಪಾಯಿ ಹೆಚ್ಚುವರಿ ಕೊಡುವುದಾಗಿ ಪ್ರಕಟಿಸಿದರು. ಇನ್ನೂ ಹಿಂದಕ್ಕೆ ಹೋದರೆ, ಅದೇ ವರ್ಷದ ಫೆಬ್ರುವರಿಯಲ್ಲಿ ರಾಜ್ಯ ಸರ್ಕಾರ ಮೈಕ್ರೋ ಫೈನಾನ್ಸ್ ಕಿರುಕುಳ ತಡೆಯಲು ಸುಗ್ರೀವಾಜ್ಞೆ ತಂದಿತ್ತು. ಬಲವಂತದ ವಸೂಲಿಗೆ 10 ವರ್ಷದವರೆಗೆ ಜೈಲು, 5 ಲಕ್ಷ ರೂಪಾಯಿವರೆಗೆ ದಂಡ.

ಈ ಮೂರೂ ಸುದ್ದಿಗಳನ್ನು ಒಟ್ಟಿಗೆ ಓದಿದವರಿಗೆ ಗೊಂದಲವಾಗುವುದು ಸಹಜ. ಒಂದು ಸರ್ಕಾರ ಕೊಳ್ಳಿ ಅನ್ನುತ್ತದೆ. ಇನ್ನೊಂದು, ಸಾಲಗಾರರನ್ನು ವಸೂಲಿಯವರಿಂದ ಕಾಪಾಡಬೇಕು ಅನ್ನುತ್ತದೆ. ಹೊಲ ಬೆಳೆ ಕೊಡುವುದಿಲ್ಲ ಅನ್ನುತ್ತದೆ. ಹಾಗಿದ್ದೂ ಸಾಲ ಮಾಡಿ ಫೋನು, ಬೈಕು, ಫ್ರಿಜ್ಜು ಕೊಳ್ಳುವವರ ಸಂಖ್ಯೆ ಯಾಕೆ ತಗ್ಗುತ್ತಿಲ್ಲ? ಚಹಾದ ಅಂಗಡಿಯಿಂದ ವಿಧಾನಸಭೆಯವರೆಗೆ ಸಿಗುವ ಉತ್ತರ ಒಂದೇ: ಶೋಕಿ. ಹಾಸಿಗೆ ಇದ್ದಷ್ಟು ಕಾಲು ಚಾಚಬೇಕು, ಇವರು ಅದನ್ನು ಮೀರಿ ಚಾಚಿದರು ಎಂಬ ತೀರ್ಪು.

ಈ ಉತ್ತರ ಸಾಲದು ಎಂದು ನಾಲ್ಕು ದಶಕಗಳಿಂದ ವಾದಿಸುತ್ತ ಬಂದಿರುವ ಚಿಂತಕರೊಬ್ಬರಿದ್ದಾರೆ. ಫ್ರಾನ್ಸಿನ ಜೀಲ್ ಲಿಪೊವೆಟ್ಸ್ಕಿ. 1944ರಲ್ಲಿ ಹುಟ್ಟಿದ ಅವರು ಗ್ರೆನೋಬಲ್ ನಗರದಲ್ಲಿ ತತ್ವಶಾಸ್ತ್ರ ಕಲಿಸಿದವರು. ಇಂದಿನ ವ್ಯಕ್ತಿವಾದದ ಬಗ್ಗೆ ಅವರ ಮೊದಲ ಪ್ರಮುಖ ಪ್ರಬಂಧ ಸಂಗ್ರಹ ಬಂದದ್ದು 1983ರಲ್ಲಿ. ಅವರ ವಾದ ಈ ಭಾಗದ ಬದುಕನ್ನು ಒಂದಷ್ಟು ದೂರ ಚೆನ್ನಾಗಿ ವಿವರಿಸುತ್ತದೆ. ಒಂದು ಜಾಗದಲ್ಲಿ ಕೈಕೊಡುತ್ತದೆ. ಆ ಜಾಗವೇ ನಮಗೆ ಮುಖ್ಯ.

ಮೂರು ಹಂತಗಳ ಕಥೆ

2006ರಲ್ಲಿ ಪ್ರಕಟವಾದ, ಸುಖದ ವಿರೋಧಾಭಾಸವನ್ನು ಕುರಿತ ಕೃತಿಯಲ್ಲಿ ಲಿಪೊವೆಟ್ಸ್ಕಿ ಪಶ್ಚಿಮದ ಕೊಳ್ಳುವ ಸಂಸ್ಕೃತಿಯನ್ನು ಮೂರು ಹಂತಗಳಲ್ಲಿ ನೋಡುತ್ತಾರೆ. ಮೊದಲನೆಯದು 1880ರ ದಶಕದಿಂದ ಎರಡನೇ ಮಹಾಯುದ್ಧದವರೆಗೆ. ರೈಲು, ಟೆಲಿಗ್ರಾಫ್‌ಗಳ ನೆರವಿನಿಂದ ದೇಶವ್ಯಾಪಿ ಮಾರುಕಟ್ಟೆ ಹುಟ್ಟಿತು. ಪೊಟ್ಟಣ ಕಟ್ಟಿದ, ಹೆಸರು ಅಚ್ಚಾದ ಸರಕು ಬಂತು. ಗಿರಾಕಿ ಅಂಗಡಿಕಾರನ ಮುಖ ನೋಡಿ ನಂಬುವ ಬದಲು ಬ್ರ್ಯಾಂಡನ್ನು ನಂಬತೊಡಗಿದ.

ಎರಡನೆಯದು 1950ರಿಂದ 1970ರ ದಶಕದ ಕೊನೆಯವರೆಗೆ. ಕಾರು, ಟಿವಿ, ಫ್ರಿಜ್ಜು ಸಾಮಾನ್ಯರ ಮನೆಗೂ ಬಂದವು. ಅವು ಅಂತಸ್ತಿನ ಗುರುತುಗಳೂ ಆಗಿದ್ದವು. ಪಕ್ಕದ ಮನೆಯವರ ಹತ್ತಿರ ಇದೆ, ನಮ್ಮ ಹತ್ತಿರ ಇಲ್ಲ ಎಂಬ ಸಂಕಟ ಖರೀದಿಗೆ ದೂಡುತ್ತಿತ್ತು.

ಮೂರನೆಯದು 1970ರ ದಶಕದ ಕೊನೆಯಿಂದ ಈಚಿನದು. ಇದನ್ನು ಅವರು ಅತಿಬಳಕೆಯ ಹಂತ ಎನ್ನುತ್ತಾರೆ. ಇಲ್ಲಿ ವಸ್ತು ಮನೆಯ ಆಸ್ತಿಯಾಗಿರದೆ ಒಬ್ಬೊಬ್ಬರ ಸಲಕರಣೆಯಾಗುತ್ತದೆ. ಖರೀದಿಯ ಹಿಂದೆ ನೆರೆಯವರ ಮೆಚ್ಚುಗೆಗಿಂತ ಸ್ವಂತ ಅನುಭವ, ಆರೋಗ್ಯ, ಮನರಂಜನೆ, ಸಂಪರ್ಕ, ತನ್ನ ವೇಳೆಗೆ ತಾನೇ ಯಜಮಾನನಾಗುವ ಹಂಬಲ ಇರುತ್ತವೆ. ಪ್ರತಿಷ್ಠೆಯ ಪೈಪೋಟಿ ಪೂರ್ತಿ ಸತ್ತಿದೆ ಎಂದು ಅವರು ಹೇಳುವುದಿಲ್ಲ. ಅದೀಗ ಮುಖ್ಯ ಎಂಜಿನ್ ಅಲ್ಲ ಎನ್ನುತ್ತಾರೆ, ಅಷ್ಟೇ.

ಇನ್ನೊಂದು ಅಂಶವೂ ಸೇರಬೇಕು. ಕೊಳ್ಳುವ ಸಂಸ್ಕೃತಿಯನ್ನು ಬರೀ ರೋಗವಾಗಿ ಕಾಣಲು ಅವರು ಒಪ್ಪುವುದಿಲ್ಲ. ಹುಟ್ಟಿನಿಂದ ಬಂದ ಗುರುತು, ಮನೆತನದ ಕಟ್ಟಳೆ, ಗುರುಹಿರಿಯರ ಅಪ್ಪಣೆಗಳಿಂದ ಮನುಷ್ಯನನ್ನು ಬಿಡಿಸಿದ ಶಕ್ತಿಗಳಲ್ಲಿ ಅದೂ ಒಂದು. ಹಾಗೆ ಬಿಡುಗಡೆಯಾದ ಮನುಷ್ಯ ಒಂಟಿತನ, ಆತಂಕ, ತೀರದ ಅತೃಪ್ತಿಗಳಿಗೆ ಸಿಕ್ಕಿಬೀಳುವುದೂ ಅಷ್ಟೇ ನಿಜ. ಸುಖದ ಸಲಕರಣೆ ಹೆಚ್ಚಿತು, ಸುಖ ಆ ಪ್ರಮಾಣದಲ್ಲಿ ಹೆಚ್ಚಲಿಲ್ಲ. ವಿರೋಧಾಭಾಸ ಅನ್ನುವುದು ಇದಕ್ಕೇ.

ಮನೆಗೊಂದು ಟಿವಿಯಿಂದ ತಲೆಗೊಂದು ಫೋನಿಗೆ

ಯುರೋಪು ನೂರು ವರ್ಷದಲ್ಲಿ ದಾಟಿದ ಈ ಮೂರು ಹಂತಗಳು ಕಲ್ಯಾಣ ಕರ್ನಾಟಕದಲ್ಲಿ ಒಂದರ ಮೇಲೊಂದು ಬಿದ್ದಿವೆ. ಕಲಬುರಗಿಯ ನೆಹರೂ ಗಂಜ್‌ನಲ್ಲಿ ಇವತ್ತಿಗೂ ರೈತ ಅಡತಿ ಅಂಗಡಿಯವರ ಮುಖ ನೋಡಿಯೇ ವ್ಯವಹಾರ ಮಾಡುತ್ತಾನೆ. ಬೀಜ, ಗೊಬ್ಬರ ಉದ್ರಿ ತಂದು ರಾಶಿಯಾದ ಮೇಲೆ ಲೆಕ್ಕ ಚುಕ್ತಾ ಮಾಡುತ್ತಾನೆ. ಲಿಪೊವೆಟ್ಸ್ಕಿಯ ಮೊದಲ ಹಂತಕ್ಕೂ ಹಿಂದಿನ ಸಂಬಂಧ ಅದು. ಅದೇ ರೈತನ ಮಗಳು ರಾತ್ರಿ ಫೋನಿನಲ್ಲಿ ಚೂಡಿದಾರ ಆರಿಸಿ ಆರ್ಡರ್ ಮಾಡುತ್ತಾಳೆ. ಅದು ಮೂರನೇ ಹಂತ. ಎರಡೂ ಒಂದೇ ಸೂರಿನ ಕೆಳಗೆ ನಡೆಯುತ್ತವೆ.

ಅಂಕಿಅಂಶವೂ ಇದನ್ನೇ ಬೇರೆ ರೀತಿ ಹೇಳುತ್ತದೆ. ಕೇಂದ್ರದ ಕುಟುಂಬ ಬಳಕೆ ವೆಚ್ಚ ಸಮೀಕ್ಷೆಯ ಪ್ರಕಾರ ದೇಶದ ಗ್ರಾಮೀಣ ಮನೆಗಳ ಒಟ್ಟು ಖರ್ಚಿನಲ್ಲಿ ಆಹಾರದ ಪಾಲು 1999-2000ರಲ್ಲಿ ಶೇ 59ರಷ್ಟಿತ್ತು. 2011-12ರಲ್ಲಿ ಶೇ 53ರಷ್ಟಾಯಿತು. 2023-24ರಲ್ಲಿ ಶೇ 47. ಅಂದರೆ ಹಳ್ಳಿಯ ಮನೆಯೂ ಈಗ ಅರ್ಧಕ್ಕಿಂತ ಹೆಚ್ಚು ಹಣವನ್ನು ಊಟದ ಹೊರಗೆ ಸುರಿಯುತ್ತಿದೆ: ಪ್ರಯಾಣ, ಔಷಧ, ಶಾಲೆ, ಬಟ್ಟೆ, ಫೋನು, ಮನೆಬಳಕೆಯ ಯಂತ್ರ. ಇದು ಇಡೀ ದೇಶದ ಸರಾಸರಿ, ನಮ್ಮ ಮೂರು ಜಿಲ್ಲೆಗಳ ಲೆಕ್ಕ ಅಲ್ಲ. ಆದರೂ ದಿಕ್ಕು ಯಾವುದು ಎಂಬುದರಲ್ಲಿ ಅನುಮಾನ ಬೇಡ.

ಟಿವಿ ಮನೆಯ ಮಧ್ಯದಲ್ಲಿತ್ತು. ಯಾವ ಚಾನೆಲ್ ಎಂದು ಹಿರಿಯರು ತೀರ್ಮಾನಿಸುತ್ತಿದ್ದರು. ಫೋನು ಒಬ್ಬರ ಕೈಯಲ್ಲಿದೆ, ಅದಕ್ಕೆ ಪಾಸ್‌ವರ್ಡ್ ಇದೆ. ಅವಿಭಕ್ತ ಮನೆಯೊಳಗೆ ಸೊಸೆಗೆ, ಮಗಳಿಗೆ ತನ್ನದೇ ಎನ್ನುವ ಒಂದು ಕೋಣೆ ಇಲ್ಲದಿರಬಹುದು. ಫೋನಿನೊಳಗೆ ಆ ಕೋಣೆ ಸಿಕ್ಕಿದೆ. ಲಿಪೊವೆಟ್ಸ್ಕಿ ಹೇಳುವ ವ್ಯಕ್ತಿಗತ ಸಲಕರಣೆ ಇದೇ. ಜಿಎಸ್‌ಟಿ ಇಳಿಕೆಯ ಹಬ್ಬದಲ್ಲಿ ಮೊಬೈಲ್ ಫೋನಿನ ತೆರಿಗೆ ಇಳಿಯದೆ ಶೇ 18ರಲ್ಲೇ ಉಳಿಯಿತು ಎಂಬುದನ್ನು ಇಲ್ಲಿ ನೆನೆಯಬಹುದು. ಜನ ಅತಿ ಹೆಚ್ಚು ಬಯಸುವ ವಸ್ತುವಿಗೆ ರಿಯಾಯಿತಿಯ ಆಮಿಷವೇ ಬೇಕಾಗಲಿಲ್ಲವೇನೋ.

ಶೋಕಿ ಎಂಬ ವಿವರಣೆ ಸೋಲುವ ಕಡೆ

ಗೃಹಲಕ್ಷ್ಮಿ ಯೋಜನೆ 2023ರ ಆಗಸ್ಟ್‌ನಲ್ಲಿ ಶುರುವಾಯಿತು. ತಿಂಗಳಿಗೆ 2,000 ರೂಪಾಯಿ ಮನೆಯ ಯಜಮಾನಿಯ ಖಾತೆಗೆ. ಆ ಹಣ ಕೂಡಿಟ್ಟು ಕೆಲವರು ಫ್ರಿಜ್ಜು ಕೊಂಡರು, ಹೊಲಿಗೆ ಯಂತ್ರ ಕೊಂಡರು ಎಂದು ಸುದ್ದಿ ಬಂದಾಗ ಪ್ರತಿಕ್ರಿಯೆ ಎರಡು ಹೋಳಾಯಿತು. ಹೊಲಿಗೆ ಯಂತ್ರಕ್ಕೆ ಶಹಬ್ಬಾಸ್, ಫ್ರಿಜ್ಜಿಗೆ ಮುಖ ಸಿಂಡರಿಸುವುದು. ಬಡವರು ದುಡಿಮೆಯ ವಸ್ತು ಕೊಳ್ಳಬಹುದು, ಸುಖದ ವಸ್ತು ಕೊಳ್ಳಬಾರದು ಎಂಬ ಅಲಿಖಿತ ನಿಯಮ ಅದರಲ್ಲಿತ್ತು. ಏಪ್ರಿಲ್, ಮೇ ತಿಂಗಳಲ್ಲಿ 42-43 ಡಿಗ್ರಿ ಕಾಯುವ ಜಿಲ್ಲೆಯಲ್ಲಿ ತಂಪು ನೀರನ್ನು ಐಷಾರಾಮ ಎನ್ನುವವರಿಗೆ ಬೇಸಿಗೆಯ ಪರಿಚಯ ಇದ್ದಂತಿಲ್ಲ.

ಯಾರು ಏನು ಉಡಬೇಕು, ಏನು ತಿನ್ನಬೇಕು ಎಂಬ ನಿಯಮ ಹಳೆಯ ಯುರೋಪಿನಲ್ಲಿ ಕಾನೂನಿನ ರೂಪದಲ್ಲೇ ಇತ್ತು. ವ್ಯಾಪಾರಿ ಎಷ್ಟೇ ದುಡ್ಡಿದ್ದರೂ ದೊರೆಮನೆತನದವರ ಬಟ್ಟೆ ತೊಡುವಂತಿರಲಿಲ್ಲ. ಫ್ಯಾಷನ್ ಕುರಿತು 1987ರಲ್ಲಿ ಬರೆದ ಕೃತಿಯಲ್ಲಿ ಲಿಪೊವೆಟ್ಸ್ಕಿ ಮಂಡಿಸುವ ವಾದ ಇದಕ್ಕೆ ಹೊಂದುತ್ತದೆ: ಕ್ಷಣಿಕ ಎಂದು ಬೈಸಿಕೊಳ್ಳುವ ಫ್ಯಾಷನ್ನೇ ಆ ಬೇಲಿಯನ್ನು ಸಡಿಲಿಸಿ, ಮನುಷ್ಯ ತನ್ನ ರೂಪವನ್ನು ತಾನೇ ಆರಿಸಿಕೊಳ್ಳುವ ಅಭ್ಯಾಸ ಬೆಳೆಸಿತು.

ನಮ್ಮಲ್ಲಿ ಆ ಕಾನೂನಿನ ಕೆಲಸವನ್ನು ಜಾತಿ ಮಾಡಿತು. ಚಪ್ಪಲಿ ಯಾರು ಮೆಟ್ಟಬಹುದು, ಬೆಳ್ಳಿ ಬಂಗಾರ ಯಾರು ಹಾಕಬಹುದು, ಸೀರೆ ಎಲ್ಲಿಯವರೆಗೆ ಇಳಿಯಬಹುದು ಎಂಬುದಕ್ಕೆಲ್ಲ ಕಟ್ಟಳೆ ಇತ್ತು. 1927ರ ಡಿಸೆಂಬರ್‌ನಲ್ಲಿ ಮಹಾರಾಷ್ಟ್ರದ ಮಹಾಡ್‌ನಲ್ಲಿ ಮಹಿಳೆಯರನ್ನು ಉದ್ದೇಶಿಸಿ ಮಾತಾಡಿದ ಅಂಬೇಡ್ಕರ್, ಜಾತಿಯ ಗುರುತು ಹಚ್ಚುವ ಉಡುಗೆಯನ್ನೂ ಭಾರದ ಒಡವೆಗಳನ್ನೂ ಬಿಡಿ, ಶುಚಿಯಾಗಿ ಚೆನ್ನಾಗಿ ಉಡಿ ಎಂದರು. ಮಾರನೆಯ ದಿನ ಎಷ್ಟೋ ಮಂದಿ ಸೀರೆ ಉಡುವ ರೀತಿ ಬದಲಿಸಿದ್ದರು. ಬಟ್ಟೆ ಅಲ್ಲಿ ರಾಜಕೀಯವೇ ಆಗಿತ್ತು. ಅಂಬೇಡ್ಕರ್ ಚಿಂತನೆ ಆಳವಾಗಿ ಬೇರುಬಿಟ್ಟಿರುವ ಕಲಬುರಗಿ, ಬೀದರ್ ಭಾಗದಲ್ಲಿ ಇದನ್ನು ಬಿಡಿಸಿ ಹೇಳಬೇಕಿಲ್ಲ. ಬೆಂಗಳೂರು, ಪುಣೆ, ಹೈದರಾಬಾದಿಗೆ ಗುಳೆ ಹೋಗಿ ಗಾರೆ ಕೆಲಸ ಮಾಡಿ ಬಂದ ಯಾದಗಿರಿ ಕಡೆಯ ಹುಡುಗ ಊರಿಗೆ ಬರುವಾಗ ಬಿಳಿ ಶೂ, ಕಪ್ಪು ಕನ್ನಡಕ ಹಾಕಿದರೆ ಕೆಲವರ ಕಣ್ಣು ಕೆಂಪಾಗುತ್ತದೆ. ಆ ಸಿಟ್ಟು ಶೋಕಿಯ ಮೇಲಿನದಲ್ಲ, ಬೇಲಿ ಜಿಗಿದದ್ದರ ಮೇಲಿನದು. ಸಾಲದ ಬಗ್ಗೆ ಕಳಕಳಿ ತೋರುವ ಎಷ್ಟೋ ಮಾತುಗಳ ಅಡಿಯಲ್ಲಿ ಈ ಸಿಟ್ಟು ಕೂತಿರುತ್ತದೆ, ಬೇರ್ಪಡಿಸಿ ನೋಡಬೇಕು.

ಶಾಲೆಯ ಶುಲ್ಕವೂ ಹೀಗೆಯೇ. 2025ರ ಎಸ್‌ಎಸ್‌ಎಲ್‌ಸಿ ಫಲಿತಾಂಶದಲ್ಲಿ ಕಲಬುರಗಿ ಶೇ 42.43ರೊಂದಿಗೆ ರಾಜ್ಯದ ಕೊನೆಯ ಸ್ಥಾನದಲ್ಲಿತ್ತು. ಹಿಂದಿನ ವರ್ಷ ಆ ಸ್ಥಾನದಲ್ಲಿದ್ದದ್ದು ಯಾದಗಿರಿ. ಇಂಥ ಕಡೆ ಸಾಲ ಮಾಡಿ ಮಗುವನ್ನು ಖಾಸಗಿ ಶಾಲೆಗೆ ಹಾಕಿದ ತಾಯಿಯನ್ನು ದುಂದುಗಾರ್ತಿ ಎನ್ನಲು ಯಾರಿಗೂ ಬಾಯಿ ಬರಲಾರದು. ಆದರೆ ಬ್ಯಾಂಕಿನ ಪುಸ್ತಕದಲ್ಲಿ ಆ ಸಾಲವೂ ಫೋನಿನ ಸಾಲವೂ ಅಕ್ಕಪಕ್ಕದಲ್ಲೇ ಕೂತಿರುತ್ತವೆ.

ಲಗ್ನದಲ್ಲಿ ಲೆಕ್ಕ ತಪ್ಪುತ್ತದೆ

ಇಲ್ಲಿಯವರೆಗೆ ಲಿಪೊವೆಟ್ಸ್ಕಿ ನಮ್ಮ ಜೊತೆ ಬರುತ್ತಾರೆ. ಲಗ್ನದ ಹಂದರಕ್ಕೆ ಕಾಲಿಟ್ಟ ಕೂಡಲೇ ಅವರ ವಾದ ತಡವರಿಸುತ್ತದೆ. ಕಲಬುರಗಿಯ ಸರಾಫ್ ಬಜಾರಿನಲ್ಲಿ ಕೊಳ್ಳುವ ತೊಲೆಗಳು ಸ್ವಂತ ಅನುಭವಕ್ಕಾಗಿ ಅಲ್ಲ. ಎಷ್ಟು ತೊಲೆ, ವರೋಪಚಾರ ಎಷ್ಟು, ಗಾಡಿ ಯಾವುದು, ಆಯೇರಿ ಯಾರ್ಯಾರಿಗೆ ಎಂಬುದನ್ನೆಲ್ಲ ತೀರ್ಮಾನಿಸುವುದು 'ಮಂದಿ ಏನಂತಾರ' ಎಂಬ ಪ್ರಶ್ನೆ. ಅಮೆರಿಕದ ಅರ್ಥಶಾಸ್ತ್ರಜ್ಞ ಥಾರ್ಸ್ಟೈನ್ ವೆಬ್ಲೆನ್ 1899ರಲ್ಲಿ ಬರೆದ ಪ್ರದರ್ಶನದ ಖರ್ಚು ಇಲ್ಲಿ ಜೀವಂತವಾಗಿದೆ. ಅಭಿರುಚಿಯೇ ವರ್ಗದ ಗೋಡೆ ಎಂದು 1979ರಲ್ಲಿ ವಾದಿಸಿದ ಫ್ರಾನ್ಸಿನ ಸಮಾಜಶಾಸ್ತ್ರಜ್ಞ ಪಿಯರ್ ಬೋರ್ದ್ಯೂ ಕೂಡ ಇಲ್ಲಿ ಹೆಚ್ಚು ಉಪಯೋಗಕ್ಕೆ ಬರುತ್ತಾರೆ.

ಹಾಗಾದರೆ ಲಿಪೊವೆಟ್ಸ್ಕಿ ತಪ್ಪೇ? ಪೂರ್ತಿ ಅಲ್ಲ. ಈ ಭಾಗದ ಮನೆಯೊಂದರಲ್ಲಿ ಎರಡು ತೆರನ ಖರೀದಿ ಏಕಕಾಲಕ್ಕೆ ನಡೆಯುತ್ತದೆ. ಮಂದಿಗಾಗಿ ಮಾಡುವುದು ಒಂದು, ಮಂದಿಯಿಂದ ತಪ್ಪಿಸಿಕೊಳ್ಳಲು ಮಾಡುವುದು ಇನ್ನೊಂದು. ಯುರೋಪಿನಲ್ಲಿ ಎರಡನೆಯದು ಮೊದಲನೆಯದನ್ನು ಹಿಂದಕ್ಕೆ ತಳ್ಳಿತು ಎಂಬುದು ಅವರ ಕಥನ. ಇಲ್ಲಿ ಎರಡನೆಯದು ಬಂದು ಮೊದಲನೆಯದರ ಮೇಲೆ ಸೇರಿಕೊಂಡಿದೆ. ಹೊಸ ಆಸೆ ಬಂತು, ಹಳೆಯ ಕರ್ತವ್ಯ ಹೋಗಲಿಲ್ಲ. ಖರ್ಚು ಎರಡು ಪಟ್ಟು.

ರಾಶಿಯ ಲೆಕ್ಕ, ತಿಂಗಳ ಕಂತು

ಆದರೆ ಮುಖ್ಯ ತೊಡಕು ಆಸೆಯಲ್ಲಿ ಇಲ್ಲ, ಅದಕ್ಕೆ ಹಣ ಎಲ್ಲಿಂದ ಬರುತ್ತದೆ ಎಂಬಲ್ಲಿದೆ. ಲಿಪೊವೆಟ್ಸ್ಕಿಯ ಕೊಳ್ಳುಗನಿಗೆ ತಿಂಗಳ ಸಂಬಳವಿದೆ. ಅವನ ಮಗು ಸರ್ಕಾರಿ ಶಾಲೆಗೆ ಹೋಗುತ್ತದೆ, ಆಸ್ಪತ್ರೆಯ ಬಿಲ್ಲನ್ನು ಬಹುಪಾಲು ಸಾಮಾಜಿಕ ವಿಮೆ ತುಂಬುತ್ತದೆ, ಕೆಲಸ ಹೋದರೆ ಭತ್ಯೆ, ಮುಪ್ಪಿಗೆ ಪಿಂಚಣಿ. ಯುದ್ಧಾನಂತರದ ಫ್ರಾನ್ಸ್ ಕಟ್ಟಿದ ಕಲ್ಯಾಣ ರಾಜ್ಯ ಅವನ ಬೆನ್ನಿಗಿದೆ. ಅವನು ಒಂಟಿಯಾಗಿ ನಿಲ್ಲಬಲ್ಲ, ಏಕೆಂದರೆ ಕಾಲ ಕೆಳಗೆ ಸಾರ್ವಜನಿಕ ನೆಲ ಇದೆ.

ಅಫಜಲಪುರದ ಕಡೆ ಮಳೆಯನ್ನೇ ನಂಬಿದ ನಾಲ್ಕೆಕರೆ ತೊಗರಿಯ ಮನೆಯನ್ನು ಉದಾಹರಣೆಗೆ ತೆಗೆದುಕೊಳ್ಳೋಣ. ಎಕರೆಗೆ ಮೂರು ಕ್ವಿಂಟಲ್ ಹಿಡಿದರೆ 12 ಕ್ವಿಂಟಲ್. 2025-26ರ ಬೆಂಬಲ ಬೆಲೆ ಕ್ವಿಂಟಲಿಗೆ 8,000 ರೂಪಾಯಿ. ಆ ದರ ಪೂರ್ತಿ ಸಿಕ್ಕರೂ 96,000 ರೂಪಾಯಿ, ಅದೂ ಖರ್ಚು ಕಳೆಯುವ ಮುಂಚೆ. ಸುಂಕವಿಲ್ಲದ ತೊಗರಿ ಆಮದನ್ನು 2026ರ ಮಾರ್ಚ್‌ವರೆಗೆ ವಿಸ್ತರಿಸಿದ್ದರಿಂದ ಮಾರುಕಟ್ಟೆ ದರ ಬೆಂಬಲ ಬೆಲೆಗಿಂತ ಕೆಳಗಿದ್ದ ದಿನಗಳೂ ಇದ್ದವು. ಮುಖ್ಯ ಸಂಗತಿ ಏನೆಂದರೆ, ಈ ಹಣ ಬರುವುದು ವರ್ಷಕ್ಕೊಮ್ಮೆ, ಡಿಸೆಂಬರ್-ಜನವರಿಯ ರಾಶಿಯಲ್ಲಿ.

15,000 ರೂಪಾಯಿಯ ಫೋನನ್ನು ಬಡ್ಡಿಯಿಲ್ಲದೆ ಹನ್ನೆರಡು ಕಂತಿಗೆ ಕೊಟ್ಟರೂ ತಿಂಗಳಿಗೆ 1,250 ರೂಪಾಯಿ. 2025-26ರಲ್ಲಿದ್ದ ಉದ್ಯೋಗ ಖಾತ್ರಿಯ ದಿನಗೂಲಿ 370 ರೂಪಾಯಿ ಹಿಡಿದರೆ ಸುಮಾರು ಮೂರೂವರೆ ದಿನದ ದುಡಿಮೆ. ಕೇಳಲು ಹಗುರ. ಆದರೆ ಕಂತು ಪ್ರತಿ ತಿಂಗಳು ಬರುತ್ತದೆ, ಕೆಲಸ ಪ್ರತಿ ತಿಂಗಳು ಬರುವುದಿಲ್ಲ. ಗಂಜ್‌ನ ಅಡತಿಯವರ ಉದ್ರಿ ಬಡ್ಡಿ ಹೆಚ್ಚಿನದಾದರೂ ರಾಶಿಯವರೆಗೆ ಕಾಯುತ್ತಿತ್ತು. ಬೆಳೆ ಹೋದ ವರ್ಷ ಮುಂದಿನ ವರ್ಷಕ್ಕೆ ದಾಟುತ್ತಿತ್ತು. ಕಂತಿಗೆ ಮುಂಗಾರು ಹಿಂಗಾರು ಗೊತ್ತಿಲ್ಲ. ಹಾಗಾಗಿ ಆಗಸ್ಟ್, ಸೆಪ್ಟೆಂಬರ್‌ನಲ್ಲಿ ಒಂದು ಕಂತು ಕಟ್ಟಲು ಇನ್ನೊಂದು ಕಡೆ ಸಾಲ ಎತ್ತುವುದು ಶುರುವಾಗುತ್ತದೆ. ಆ ಇನ್ನೊಂದು ಕಡೆ ಹೆಚ್ಚಾಗಿ ಮಹಿಳೆಯರ ಗುಂಪಿನ ಸಾಲ.

ಗುಂಪಿನ ಸಾಲದ ವಿಧಾನ ಬಾಂಗ್ಲಾದೇಶದಿಂದ ಬಂದದ್ದು. ಅಲ್ಲಿನ ಅರ್ಥಶಾಸ್ತ್ರಜ್ಞ ಮುಹಮ್ಮದ್ ಯೂನಸ್ 1976ರಲ್ಲಿ ಶುರುಮಾಡಿದ ಪ್ರಯೋಗ 1983ರಲ್ಲಿ 'ಗ್ರಾಮೀಣ ಬ್ಯಾಂಕ್' ಎಂಬ ಸಂಸ್ಥೆಯಾಯಿತು. ಲಿಪೊವೆಟ್ಸ್ಕಿ ವ್ಯಕ್ತಿವಾದದ ಬಗ್ಗೆ ಬರೆದ ಆ ಮೊದಲ ಪುಸ್ತಕ ಬಂದ ವರ್ಷವೇ ಅದು, ಕಾಕತಾಳೀಯ. ಅಡಮಾನ ಇಡಲು ಏನೂ ಇಲ್ಲದವರಿಗೆ ಪರಸ್ಪರ ಜಾಮೀನೇ ಅಡಮಾನ. ಒಬ್ಬಾಕೆ ಕಟ್ಟದಿದ್ದರೆ ಉಳಿದವರು ತುಂಬಬೇಕು. ಕಾಗದದ ಮೇಲೆ ಈಗ ಎಷ್ಟೋ ಕಡೆ ಸಾಲ ಒಬ್ಬೊಬ್ಬರ ಹೆಸರಲ್ಲೇ ಇದ್ದರೂ, ವಸೂಲಿಯ ದಿನ ಗುಂಪು ಕೂತಿರುತ್ತದೆ, ಹಣ ತಂದಿಲ್ಲದವಳು ಎಲ್ಲರ ಕಣ್ಣಿಗೆ ಬೀಳುತ್ತಾಳೆ.

ಈ ಭಾಗದ ಬಿಕ್ಕಟ್ಟಿನ ಕೀಲು ಇಲ್ಲಿದೆ. ಬಯಕೆ ಪೂರ್ತಿ ವೈಯಕ್ತಿಕವಾಗಿದೆ: ನನ್ನ ಫೋನು, ನನ್ನ ಬೈಕು, ನನ್ನ ಮಗನ ಕೋಚಿಂಗ್. ಅದರ ಹೊಣೆ ಮಾತ್ರ ಸಾಮೂಹಿಕವಾಗಿ ಉಳಿದಿದೆ. ಮಗ ಕೊಂಡ ಬೈಕಿನ ಕಂತು ತಪ್ಪಿದರೆ ಅದನ್ನು ತುಂಬಲು ತಾಯಿ ಗುಂಪಿನಲ್ಲಿ ಸಾಲ ಎತ್ತುತ್ತಾಳೆ. ಅದು ತಪ್ಪಿದರೆ ಎದುರು ಮನೆಯ, ಹಿತ್ತಲ ಮನೆಯ ಹೆಂಗಸರು ಬಾಗಿಲಿಗೆ ಬರುತ್ತಾರೆ. ಓಣಿಯ ಕಣ್ಣಿನಿಂದ ತಪ್ಪಿಸಿಕೊಳ್ಳಲು ಕೊಂಡ ವಸ್ತು ಅದೇ ಓಣಿಯ ಕಣ್ಣಿಗೆ ಮನೆಯನ್ನು ಒಪ್ಪಿಸುತ್ತದೆ. ಸಾಲದ ವಿಷಯದಲ್ಲಿ ಹೆಂಗಸರೇ ಮರ್ಯಾದೆ ಕಳೆದುಕೊಳ್ಳುವುದು, ಮನೆ ಬಿಟ್ಟು ಹೋಗುವುದು, ಜೀವಕ್ಕೆ ಅಪಾಯ ತಂದುಕೊಳ್ಳುವುದು ಯಾಕೆ ಎಂಬುದಕ್ಕೆ ಕಾರಣ ಇದೇ. ಖರ್ಚಿನ ನಿರ್ಧಾರ ಅವರದಾಗಿರಲೇಬೇಕೆಂದಿಲ್ಲ. ಜಾಮೀನು ಅವರದು.

ರಿಸರ್ವ್ ಬ್ಯಾಂಕಿನ 2022ರ ನಿಯಮ ಇದಕ್ಕೊಂದು ಮಿತಿ ಹಾಕಿದೆ. ವರ್ಷಕ್ಕೆ 3 ಲಕ್ಷ ರೂಪಾಯಿವರೆಗೆ ಆದಾಯವಿರುವ ಮನೆಗೆ ಅಡಮಾನವಿಲ್ಲದೆ ಕೊಟ್ಟದ್ದು ಮೈಕ್ರೋ ಫೈನಾನ್ಸ್ ಸಾಲ. ಎಲ್ಲ ಸಾಲಗಳ ಮರುಪಾವತಿ ಸೇರಿ ಮನೆಯ ಮಾಸಿಕ ಆದಾಯದ ಅರ್ಧ ಮೀರಬಾರದು. ನಿಯಮ ಒಳ್ಳೆಯದೇ. ಆದರೆ ತೊಗರಿಯ ಮನೆಗೆ ಮಾಸಿಕ ಆದಾಯ ಎಂಬುದು ವಾರ್ಷಿಕ ಅಂದಾಜನ್ನು ಹನ್ನೆರಡರಿಂದ ಭಾಗಿಸಿದ ಕಾಗದದ ಅಂಕಿ. ಭೀಮೆ ಆ ಭಾಗಾಕಾರಕ್ಕೆ ಕಟ್ಟುಬಿದ್ದಿಲ್ಲ.

ಉಳಿದವರು ಏನನ್ನುತ್ತಾರೆ

ಲಿಪೊವೆಟ್ಸ್ಕಿಯನ್ನು ಮಾರುಕಟ್ಟೆಯ ವಕೀಲ ಎಂದು ಟೀಕಿಸುವವರು ಕಡಿಮೆ ಇಲ್ಲ. ಫ್ರಾನ್ಸಿನವರೇ ಆದ ಜ್ಯಾನ್ ಬೋದ್ರಿಯಾ 1970ರಲ್ಲೇ ಬೇರೆ ಚಿತ್ರ ಕೊಟ್ಟಿದ್ದರು. ನಮ್ಮ ಅಗತ್ಯಗಳು ನಮ್ಮೊಳಗೆ ಹುಟ್ಟುವುದಿಲ್ಲ, ಉತ್ಪಾದನೆಯ ವ್ಯವಸ್ಥೆಯೇ ಅವನ್ನೂ ಉತ್ಪಾದಿಸುತ್ತದೆ. ನಾವು ಕೊಳ್ಳುವುದು ವಸ್ತುವನ್ನಲ್ಲ, ಅದರ ಸಂಕೇತವನ್ನು ಎಂದು. ದಕ್ಷಿಣ ಕೊರಿಯಾದಲ್ಲಿ ಹುಟ್ಟಿ ಜರ್ಮನಿಯಲ್ಲಿ ನೆಲೆಸಿದ ಬ್ಯುಂಗ್-ಚುಲ್ ಹಾನ್, ಇಂದಿನ ಮನುಷ್ಯ ಸಾಧನೆಯ ಹುಚ್ಚಿನಲ್ಲಿ ತನ್ನನ್ನು ತಾನೇ ಹಿಂಡಿಕೊಳ್ಳುತ್ತಾನೆ, ಅದನ್ನೇ ಸ್ವಾತಂತ್ರ್ಯ ಅಂದುಕೊಳ್ಳುತ್ತಾನೆ ಎನ್ನುತ್ತಾರೆ. ದಿನಕ್ಕೆ ಹದಿನಾಲ್ಕು ಗಂಟೆ ಓದುವ ಕೋಚಿಂಗ್ ಸೆಂಟರಿನ ಮಕ್ಕಳಿಗೆ ಅದು ಹೊಂದೀತು, ಗುಳೆ ಹೋದವರಿಗೆ ಹೊಂದದು. ಅವರನ್ನು ಹಿಂಡುವವರು ಬೇರೆಯವರೇ.

ನಮಗೆ ಹೆಚ್ಚು ಹತ್ತಿರ ಬರುವವರು ಪೋಲೆಂಡ್ ಮೂಲದ ಸಮಾಜಶಾಸ್ತ್ರಜ್ಞ ಜಿಗ್ಮುಂಟ್ ಬೌಮನ್. ದುಡಿಯುವವರ ಸಮಾಜದಲ್ಲಿ ಬಡವ ಎಂದರೆ ಕೆಲಸ ಇಲ್ಲದವನು. ಕೊಳ್ಳುವವರ ಸಮಾಜದಲ್ಲಿ ಬಡವ ಎಂದರೆ ಊನವಾದ ಗಿರಾಕಿ. ಅವನ ಹತ್ತಿರ ಹಣವಿಲ್ಲ ಎಂಬುದಷ್ಟೇ ಅಲ್ಲ, ಸಮಾಜಕ್ಕೆ ಅವನು ಬೇಡವಾಗುತ್ತಾನೆ. ಸಾಲ ಕೊಡುವ ವ್ಯವಸ್ಥೆ ಇದನ್ನು ಚೆನ್ನಾಗಿ ಅರಿತಿದೆ. ಊನವನ್ನು ಕಂತಿನ ಮೇಲೆ ಸರಿಪಡಿಸಿಕೊಡುತ್ತೇವೆ ಎಂಬುದೇ ಅದರ ಜಾಹೀರಾತಿನ ಸಾರ.

ಉಪದೇಶ ಯಾಕೆ ತಾಗುವುದಿಲ್ಲ

ಈ ವಿಷಯ ಬಂದಾಗಲೆಲ್ಲ ವೇದಿಕೆಗಳಲ್ಲಿ ಬಸವಕಲ್ಯಾಣದ ನೆನಪಾಗುತ್ತದೆ. ಕಾಯಕ, ದಾಸೋಹ, ಆಯ್ದಕ್ಕಿ ಲಕ್ಕಮ್ಮ. ಗಂಡ ಮಾರಯ್ಯ ಅಂದಿನ ಅಗತ್ಯಕ್ಕಿಂತ ಹೆಚ್ಚು ಅಕ್ಕಿ ಆಯ್ದು ತಂದಾಗ, ಇಷ್ಟು ಅಕ್ಕಿಯ ಆಸೆ ನಿಮಗೇಕೆ ಎಂದು ಕೇಳಿ ಮರಳಿ ಸುರಿದು ಬರಲು ಹೇಳಿದ ಶರಣೆ ಆಕೆ. ಕಥೆ ನಮ್ಮದೇ ನೆಲದ್ದು, ದೊಡ್ಡದು. ಆದರೆ ಅದನ್ನು ಸಾಲಗಾರರಿಗೆ ಬುದ್ಧಿ ಹೇಳಲು ಬಳಸುವಾಗ ಒಂದು ಭಾಗ ಬಿಟ್ಟುಹೋಗುತ್ತದೆ. ಲಕ್ಕಮ್ಮನಿಗೆ ನಾಳೆಯ ಅಕ್ಕಿಯನ್ನು ಬಿಡಲು ಸಾಧ್ಯವಾದದ್ದು ನಾಳೆಯ ಕಾಯಕವೂ ದಾಸೋಹದ ಸಮುದಾಯವೂ ಇದ್ದುದರಿಂದ. ಹಂಚಿಕೊಳ್ಳುವ ವ್ಯವಸ್ಥೆ ಇದ್ದಲ್ಲಿ ಸಂಯಮ ಸಲೀಸು. ಅದನ್ನು ತೆಗೆದುಹಾಕಿ ಸಂಯಮವನ್ನಷ್ಟೇ ಕೇಳಿದರೆ ಅದು ಉಳ್ಳವರು ಇಲ್ಲದವರಿಗೆ ಕೊಡುವ ಸಲಹೆಯಾಗುತ್ತದೆ.

ಕರ್ತವ್ಯದ ನೀತಿ ಮುಗಿದುಹೋಗುತ್ತಿದೆ ಎಂದು 1992ರಲ್ಲೇ ಬರೆದ ಲಿಪೊವೆಟ್ಸ್ಕಿ, ಕೊಳ್ಳುವ ಆಸೆಯನ್ನು ಉಪದೇಶದಿಂದ ತಡೆಯಲಾಗದು ಎನ್ನುತ್ತಾರೆ. ಒಂದು ಆಸೆಯನ್ನು ಅದಕ್ಕಿಂತ ಬಲವಾದ ಇನ್ನೊಂದು ಆಸೆಯಷ್ಟೇ ಹಿಂದಕ್ಕೆ ಸರಿಸಬಲ್ಲದು: ಓದು, ಕಲೆ, ಆಟ, ಏನನ್ನಾದರೂ ಸ್ವತಃ ಮಾಡುವ ಸಂತೋಷ, ಸಾರ್ವಜನಿಕ ಕೆಲಸ. ಖರೀದಿ ಬದುಕಿನಲ್ಲಿ ಇರಲಿ, ಬದುಕೇ ಆಗದಿರಲಿ ಎಂಬುದು ಅವರ ನಿಲುವು. ಸಂಜೆ ಹೊತ್ತು ತೆರೆದಿರುವ ಗ್ರಂಥಾಲಯ, ಹುಡುಗಿಯರೂ ಹೋಗಬಹುದಾದ ಮೈದಾನ ಎಷ್ಟು ತಾಲ್ಲೂಕು ಕೇಂದ್ರಗಳಲ್ಲಿವೆ ಎಂದು ಎಣಿಸಿದರೆ, ಈ ಭಾಗದ ಯುವಕರಿಗೆ ಫೋನಿಗೆ ಪರ್ಯಾಯವಾಗಿ ನಾವು ಏನಿಟ್ಟಿದ್ದೇವೆ ಎಂಬುದು ಗೊತ್ತಾಗುತ್ತದೆ.

ಸ್ವಾತಂತ್ರ್ಯವನ್ನು ಕೊಂಡೇ ಪಡೆಯಬೇಕೆಂದೇನಿಲ್ಲ ಎಂಬುದಕ್ಕೆ ಇಲ್ಲೇ ಒಂದು ಸಾಕ್ಷಿ ಇದೆ. 2023ರ ಜೂನ್‌ನಲ್ಲಿ ಬಂದ ಶಕ್ತಿ ಯೋಜನೆ. ಆಳಂದದ ಹಳ್ಳಿಯ ಹುಡುಗಿ ಕಲಬುರಗಿಯ ಕಾಲೇಜಿಗೆ ಹೋಗಲು ಸ್ಕೂಟಿ ಬೇಕೆನ್ನುತ್ತಿದ್ದದ್ದು ಮನೆಯ ಗಂಡಸರನ್ನು ಕಾಯದೆ ಓಡಾಡಲಿಕ್ಕೆ. ಆ ಸ್ವಾತಂತ್ರ್ಯದ ಒಂದು ಭಾಗವನ್ನು ಬಸ್ಸು ಕಂತಿಲ್ಲದೆ ಕೊಡುತ್ತದೆ, ಹೊತ್ತಿಗೆ ಬಂದರೆ. ಕಲಬುರಗಿಯಲ್ಲಿ 2024ರ ಡಿಸೆಂಬರ್‌ನಲ್ಲಿ ಉದ್ಘಾಟನೆಯಾದ 371 ಹಾಸಿಗೆಯ ಜಯದೇವ ಹೃದ್ರೋಗ ಆಸ್ಪತ್ರೆಯನ್ನೂ ಹೀಗೆಯೇ ನೋಡಬಹುದು. ಎದೆನೋವಿಗೆ ಸೊಲ್ಲಾಪುರ, ಹೈದರಾಬಾದಿನ ಖಾಸಗಿ ಆಸ್ಪತ್ರೆಗೆ ಓಡಿ ಹೊಲ ಅಡ ಇಡುವ ಮನೆಗಳ ಮಟ್ಟಿಗೆ ಅದು ಸಾಲ ತಗ್ಗಿಸುವ ಯೋಜನೆಯೂ ಹೌದು. ಸಾರ್ವಜನಿಕ ಸೌಲಭ್ಯ ಗಟ್ಟಿಯಾದಷ್ಟೂ ಗುಂಪಿನ ಸಾಲದ ಮೇಲಿನ ಭಾರ ಇಳಿಯುತ್ತದೆ.

ಮುಂದೆ ಏನಾಗಬಹುದು

ಮೈಕ್ರೋ ಫೈನಾನ್ಸ್ ಸುಗ್ರೀವಾಜ್ಞೆಯ ಪರಿಣಾಮ ಊಹಿಸಲು ಬೀದರ್‌ನ ಗಡಿಯಾಚೆ ನೋಡಬೇಕು. 2010ರ ಅಕ್ಟೋಬರ್‌ನಲ್ಲಿ ಅವಿಭಜಿತ ಆಂಧ್ರಪ್ರದೇಶ ಇಂಥದೇ ಆಜ್ಞೆ ತಂದಿತು. ಕಿರುಕುಳ ತಗ್ಗಿತು. ಜೊತೆಗೆ ವಸೂಲಿ ಕುಸಿಯಿತು, ಕಂಪನಿಗಳು ಹೊಸ ಸಾಲ ನಿಲ್ಲಿಸಿದವು, ಎಷ್ಟೋ ಮನೆಗಳು ಊರಿನ ಬಡ್ಡಿ ವ್ಯಾಪಾರಿಯ ಹತ್ತಿರ ಮರಳಿದವು. ಕಾನೂನು ವಸೂಲಿಯ ಕ್ರೌರ್ಯವನ್ನು ಹಿಡಿಯಬಲ್ಲದು. ವರ್ಷಕ್ಕೊಮ್ಮೆ ಬರುವ ಆದಾಯಕ್ಕೂ ತಿಂಗಳಿಗೊಮ್ಮೆ ಬರುವ ಕಂತಿಗೂ ಇರುವ ಅಂತರವನ್ನು ಅದು ಮುಟ್ಟುವುದಿಲ್ಲ. ರಾಶಿಯ ಕಾಲಕ್ಕೆ ಹೊಂದಿಸಿದ ಕಂತು, ಬೆಳೆ ಹೋದಾಗ ಬೆಳೆಸಾಲವನ್ನು ಮುಂದೂಡುವಂತೆ ಗುಂಪಿನ ಸಾಲಕ್ಕೂ ಮುಂದೂಡಿಕೆ, ಇವು ಮಾಡಬಹುದಾದ ಕೆಲಸಗಳು. ಸಹಕಾರ ಸಂಘಗಳ ಬೆಳೆಸಾಲದಲ್ಲಿ ಈ ತತ್ವ ಹಳೆಯದೇ. ಬಳಕೆಯ ಸಾಲಕ್ಕೆ ಅದನ್ನು ತರಲು ಇಷ್ಟವಿಲ್ಲದಿರುವುದಕ್ಕೆ ಕಾರಣ, ಅದು ಶೋಕಿಯ ಸಾಲ ಎಂಬ ಹಳೆಯ ತೀರ್ಪೇ.

ಜಿಎಸ್‌ಟಿ ಇಳಿಕೆಯಿಂದ ಬೆಲೆ ತಗ್ಗುವುದು ನಿಜ. ಸೋಪು, ತಲೆಗೆಣ್ಣೆ, ಪೇಸ್ಟಿನ ಲಾಭ ಎಲ್ಲ ಮನೆಗೂ ಅಷ್ಟಿಷ್ಟು ತಲುಪುತ್ತದೆ. ಬೈಕು, ಟಿವಿಯ ಲಾಭ ಸಂಬಳದವರಿಗೆ ಉಳಿತಾಯವಾದರೆ, ಬೆಳೆ ಕಳೆದುಕೊಂಡವರಿಗೆ ಇನ್ನೊಂದು ಕಂತಿಗೆ ಪ್ರೇರಣೆಯಾಗುವ ಸಾಧ್ಯತೆ ಹೆಚ್ಚು. ಒಂದೇ ರಿಯಾಯಿತಿ ಕಲಬುರಗಿ ನಗರದ ನೌಕರರ ಬಡಾವಣೆಯಲ್ಲೂ ಭೀಮೆಯ ದಂಡೆಯಲ್ಲೂ ಬೇರೆ ಬೇರೆ ಫಲ ಕೊಡುತ್ತದೆ.

ಗಮನವಿಟ್ಟು ನೋಡಬೇಕಾದ ಇನ್ನೊಂದು ಬೆಳವಣಿಗೆ ಫೋನಿನ ಲಾಕ್. ಕಂತು ತಪ್ಪಿದವರ ಫೋನನ್ನು ದೂರದಿಂದಲೇ ಬಂದ್ ಮಾಡಲು ಸಾಲದಾತರಿಗೆ ಅವಕಾಶ ಕೊಡಬೇಕೇ ಎಂಬುದನ್ನು ರಿಸರ್ವ್ ಬ್ಯಾಂಕ್ ಪರಿಶೀಲಿಸುತ್ತಿದೆ ಎಂದು 2025ರ ಸೆಪ್ಟೆಂಬರ್‌ನಲ್ಲಿ ವರದಿಯಾಯಿತು. ಪರವಾಗಿ ಹೇಳುವವರಿಗೆ ಒಂದು ತರ್ಕವಿದೆ: ವಸ್ತುವೇ ಅಡಮಾನವಾದರೆ ಮನೆಬಾಗಿಲಿಗೆ ಯಾರೂ ಬರಬೇಕಿಲ್ಲ, ಗುಂಪಿನ ಮುಂದೆ ತಲೆ ತಗ್ಗಿಸಬೇಕಿಲ್ಲ, ಹೊಣೆ ಕೊಂಡವರದ್ದೇ. ಜಾಮೀನನ್ನು ಓಣಿಯಿಂದ ಬಿಡಿಸಿ ವ್ಯಕ್ತಿಯ ಮೇಲೇ ತರುವ ಮೊದಲ ನಿಜವಾದ ಪ್ರಯತ್ನ ಅದು ಎನ್ನಬಹುದು. ಆದರೆ ಆ ಫೋನಿನಲ್ಲೇ ಗೃಹಲಕ್ಷ್ಮಿಯ ಮೆಸೇಜು ಬರುತ್ತದೆ, ಯುಪಿಐ ಇದೆ, ಬೆಳೆ ಪರಿಹಾರದ ಒಟಿಪಿ ಬರುತ್ತದೆ, ಬೆಂಗಳೂರಿನ ಮೇಸ್ತ್ರಿ ನಾಳೆಯ ಕೆಲಸಕ್ಕೆ ಕರೆ ಮಾಡುತ್ತಾನೆ. ಲಾಕ್ ಬಿದ್ದರೆ ಕಂತು ಕಟ್ಟಲು ಬೇಕಾದ ದುಡಿಮೆಯೇ ನಿಲ್ಲಬಹುದು. ಯಾವ ಸೇವೆಗಳು ಲಾಕ್ ಆದ ಫೋನಿನಲ್ಲೂ ತೆರೆದಿರಬೇಕು, ಎಷ್ಟು ದಿನದ ಗಡುವು ಬೇಕು, ನೆರೆಪೀಡಿತವೆಂದು ಘೋಷಿಸಿದ ತಾಲ್ಲೂಕಿಗೆ ವಿನಾಯಿತಿ ಇರಬೇಕೇ ಎಂಬ ಪ್ರಶ್ನೆಗಳನ್ನು ಕಲಬುರಗಿ, ಬೀದರ್, ಯಾದಗಿರಿಯ ಜನಪ್ರತಿನಿಧಿಗಳು ಈಗಲೇ ಎತ್ತಬೇಕಿದೆ. ನಿಯಮ ಅಚ್ಚಾದ ಮೇಲೆ ಅದನ್ನು ತಿದ್ದಿಸುವುದು ಕಷ್ಟ.